ಮೂವತ್ತು ದಿನದ ಬಾಣಂತನ

ಹನೂರು,
೮ ಫೆಬ್ರವರಿ ೨೦೨೬

ಚಿರಂಜೀವಿ ಸೌಭಾಗ್ಯವತಿ ದೀಪಶ್ರೀಗೆ ನಿನ್ನ ಅವ್ವ ಶಿವರತ್ನಮ್ಮ ಮಾಡುವ ಆಶೀರ್ವಾದ.

ನಾವಿಲ್ಲಿ ಕ್ಷೇಮ ಅಂತ ಬರೆಯಲು ಕೈ ಏಳುತ್ತಿಲ್ಲ. ನಿನ್ನ ಕ್ಷೇಮ, ಕೂಸಿನ ಕ್ಷೇಮ ಎರಡೂ ನಿಮ್ಮಪ್ಪನ ಬಾಯಿಂದ ಕೇಳಿಕೊಂಡೆ. ಹೆಣ್ಣು ಕೂಸಂತೆ, ತಲೆ ತುಂಬ ಕೂದಲಂತೆ. ನೀನು ಫೋನ್ ಮಾಡಿದಾಗಲೆಲ್ಲ ‘ಅಕ್ಕ ನೀರ್ ಉಯ್ಕತಾವ್ಳೆ’ ಅಂತ ನಿನ್ನ ಚಿಕ್ಕಮ್ಮ ಪವಿತ್ರಳ ಕೈಲಿ ಹೇಳಿಸಿದವಳು ನಾನೇ. ಒಂದೇ ದಿನ ನಾಲ್ಕು ಸಲ ಸ್ನಾನ ಮಾಡುವ ಹೆಂಗಸು ಹನೂರಿನಲ್ಲಿ ಯಾರಿದ್ದಾಳೆ? ಇಷ್ಟು ದಿನ ಮಾತಾಡದೆ ಇದ್ದದ್ದಕ್ಕೆ ಬೇಜಾರು ಮಾಡಿಕೊಳ್ಳಬೇಡ ಮಗಳೆ.

ನಾನು ಇನ್ನೂ ನಮ್ಮೂರು ಹೊನ್ನೂರಿಗೆ ಹೋಗಿಲ್ಲ. ವಿಮಾನ ಇಳಿದವಳು ನೇರ ಪವಿತ್ರಳ ಮನೆಗೆ ಬಂದು ಅಡಗಿಕೊಂಡಿದ್ದೇನೆ. ಊರಿಗೆ ಹೇಗೆ ಹೋಗಲಿ? ಹೊರಡುವ ದಿನ ಬೀದಿಯ ಹೆಂಗಸರೆಲ್ಲ ಕೂಸಿಗೆ ಅಂತ ಹಳೇ ಮೆತ್ತನೆ ಸೀರೆ ತಂದುಕೊಟ್ಟರು. ‘ನಮ್ ಶಿವರತ್ನಕ್ಕ ಮಲೇಶಿಯಾಕ್ಕೆ ಬಾಣಂತನ ಮಾಡಕ್ಕೋಯ್ತಾವ್ಳೆ’ ಅಂತ ಬಸ್ಸಿನವರೆಗೂ ಬಂದು ಕಳಿಸಿದರು. ಹೊನ್ನೂರಿನ ಅರ್ಧ ಬಾಣಂತಿಯರಿಗೆ ಮೆಣಸು ಶುಂಠಿಯ ಖಾರ ಕುಟ್ಟಿಕೊಟ್ಟವಳು ನಾನು. ಮೂರನೇ ದಿನಕ್ಕೇ ಅದೇ ಬ್ಯಾಗು ಹೊತ್ತು ಯಾವ ಮುಖ ಇಟ್ಟುಕೊಂಡು ಇಳಿಯಲಿ? ನಾನು ಇನ್ನೂ ಅಲ್ಲೇ ಇದ್ದೇನೆ ಅಂತ ನಿಮ್ಮಪ್ಪ ಊರಿಗೆಲ್ಲ ಹೇಳಿಕೊಂಡು ತಿರುಗುತ್ತಿದ್ದಾರೆ. ಸುಳ್ಳು ಹೇಳಿ ರೂಢಿಯಿಲ್ಲದ ಮನುಷ್ಯ. ಯಾರಾದರೂ ಮಲೇಶಿಯಾದಲ್ಲಿ ಮಳೆಯಾ ಬಿಸಿಲಾ ಅಂತ ಕೇಳಿದರೆ ನಾನಿರುವ ಹನೂರಿನ ಹವಾ ಹೇಳಿಬಿಡುತ್ತಾರಂತೆ.

ಅಳಿಯ ಗುರುಪ್ರಕಾಶ್ ನಿನಗೆ ಎಷ್ಟು ಹೇಳಿದ್ದಾರೋ ಗೊತ್ತಿಲ್ಲ. ಆದದ್ದು ಇದು. ನಿನಗೆ ಬಿಪಿ ಜಾಸ್ತಿ, ವಿಮಾನ ಹತ್ತಬಾರದು ಅಂತ ಡಾಕ್ಟರು ಹೇಳಿದ ಮೇಲೆ ಚೊಚ್ಚಲ ಹೆರಿಗೆಗೆ ತವರೇ ನಿನ್ನ ಹತ್ತಿರ ಬರಲಿ ಅಂತ ಹೊರಟೆನಲ್ಲ, ಆಗ ಟಿಕೆಟ್ ಮಾಡಿಸಲು ಕೊಳ್ಳೇಗಾಲದ ಜಡೇಸ್ವಾಮಿ ಹತ್ತಿರ ಹೋದೆವು. ಆ ದೇಶಕ್ಕೆ ವೀಸಾ ಬೇಡ, ತಲುಪುವ ಮುಂಚಿನ ಮೂರು ದಿನದೊಳಗೆ ಫೋನಿನಲ್ಲೇ ಒಂದು ಅರ್ಜಿ ತುಂಬಿದರೆ ಸಾಕು, ಆದರೆ ಇರುವುದು ಮೂವತ್ತೇ ದಿನ ಅಂದ. ಮೂವತ್ತು ದಿನಕ್ಕೆ ಬಾಣಂತನ ಮುಗಿಯುತ್ತದೆಯೇ? ನಮ್ಮಲ್ಲಿ ಮೂರು ತಿಂಗಳು ತುಂಬದೆ ಬಾಣಂತಿಯನ್ನು ಬಿಟ್ಟು ಎದ್ದುಬಂದ ತಾಯಿಯಿಲ್ಲ. ಅದಕ್ಕೂ ಅವನೇ ದಾರಿ ಹೇಳಿದ. ‘ತಿಂಗ್ಳಾಗದ್ರೊಳ್ಗೆ ಬಸ್ಸಲ್ಲಿ ಪಕ್ಕದ್ ದೇಸ್ಕೋಗಿ ವಾಪಸ್ ಬನ್ನಿ, ಇನ್ನೊಂದ್ ತಿಂಗ್ಳಿಗೆ ಸೀಲ್ ಒತ್ತಾರೆ. ಎಲ್ರೂ ಅಂಗೇ ಮಾಡದು ಕಣಕ್ಕ. ಕೇಳುದ್ರೆ ಮಾತ್ರ ಇಪ್ಪತ್ತೆಂಟ್ ದಿನ ಅನ್ನಿ.’ ಅಳಿಯಂದಿರೂ ಹೂಂ ಅಂದರು. ಇಪ್ಪತ್ತೆಂಟು, ಇಪ್ಪತ್ತೆಂಟು ಅಂತ ದಾರಿ ಉದ್ದಕ್ಕೂ ಬಾಯಿಪಾಠ ಮಾಡಿಕೊಂಡು ಹೋದೆ.

ಅಲ್ಲಿ ಪಾಸ್‌ಪೋರ್ಟ್ ನೋಡಲು ಕೂತಿದ್ದ ಹೆಣ್ಣುಮಗಳು ನನ್ನ ಮುಖ ನೋಡಿ, ತಮಿಳಿನಲ್ಲಿ ‘ವಾಂಗಮ್ಮಾ, ಸಾಪ್ಟೀಂಗಳಾ’ ಅಂದಳು. ಬನ್ನಿ, ಊಟ ಆಯ್ತಾ ಅಂತ ಕೇಳಿಬಿಟ್ಟಳಲ್ಲ! ಈ ಹನೂರಿನ ನನ್ನ ತವರುಬೀದಿಯಲ್ಲಿ ಅರ್ಧ ಮನೆಗಳು ತಮಿಳಿನವು, ನಿನಗೇ ಗೊತ್ತು. ಆ ಮಾತು ಕಿವಿಗೆ ಬಿದ್ದದ್ದೇ ಸಮುದ್ರ ದಾಟಿ ಬಂದಿದ್ದೇನೆ ಅನ್ನುವುದೇ ಮರೆತುಹೋಯಿತು. ಪಕ್ಕದ ಮನೆ ಜಗಲಿಯಲ್ಲಿ ಕೂತ ಹಾಗೆ ನಿನ್ನ ಬಿಪಿ, ಬ್ಯಾಗಿನಲ್ಲಿದ್ದ ಖಾರದ ಪುಡಿ, ಮೂರು ತಿಂಗಳು, ಪಕ್ಕದ ದೇಶದ ಬಸ್ಸು ಎಲ್ಲ ಹೇಳಿದೆ. ಇಪ್ಪತ್ತೆಂಟು ಅನ್ನುವುದು ಸುಮ್ಮನೆ ಬಾಯಿಮಾತಿಗೆ ತಂಗಚ್ಚಿ, ಅಂತಲೂ ಅಂದೆ! ಅವಳ ಮುಖ ಸಣ್ಣದಾಯಿತು. ಎದ್ದು ನನ್ನನ್ನು ಒಳಗಿನ ಕೋಣೆಗೆ ಕರೆದುಕೊಂಡು ಹೋದಳು. ಕೆಟ್ಟವಳಲ್ಲ, ಬಿಸಿ ಟೀ ಕೊಟ್ಟಳು. ವೀಸಾ ಇಲ್ಲದೆ ಬರುವವರು ನೋಡಿಕೊಂಡು ಹೋಗುವ ನೆಂಟರಷ್ಟೇ ಅಮ್ಮ, ಹೀಗೆ ಹೊರಗೆ ಹೋಗಿ ಒಳಗೆ ಬಂದು ತಿಂಗಳುಗಟ್ಟಲೆ ಇರುವಂತಿಲ್ಲ ಅಂತ ಬಿಡಿಸಿ ಹೇಳಿದಳು. ಮರುದಿನದ ವಿಮಾನ ಹತ್ತಿಸಿದರು. ನೀನು ಆ ದಪ್ಪ ಹೊಟ್ಟೆ ಹೊತ್ತುಕೊಂಡು ನನಗೆ ಅಂತ ಮುದ್ದೆ ತಿರುವಿಟ್ಟಿದ್ದೆಯಂತೆ. ಅದನ್ನು ಕೇಳಿದ ದಿನ ನಾನೂ ಉಣ್ಣಲಿಲ್ಲ.

ಮೊನ್ನೆ ಇಲ್ಲಿನ ಸಂತೆಯಲ್ಲಿ ಇನ್ನೊಂದು ಆಯಿತು. ನಮ್ಮೂರ ಆಟೋ ದೊಡ್ಡಸಿದ್ದಯ್ಯ ಎದುರಿಗೇ ಬಂದುಬಿಟ್ಟ. ‘ಅಕ್ಕಾ, ನೀವು ಮಲೇಶಿಯಾದಲ್ಲಿಲ್ವಾ?’ ಅಂದ. ನಾನು ತಲೆ ಮೇಲೆ ಸೆರಗೆಳೆದು ‘ಯಾರು ನೀಂಗ?’ ಅಂತ ತಮಿಳಿನಲ್ಲಿ ಗದರಿದೆ. ಅವನು ನನ್ನ ಮುಖವನ್ನೇ ಒಂದು ಗಳಿಗೆ ನೋಡಿ, ‘ತಪ್ಪಾಯ್ತು ಕಣಮ್ಮ, ನಮ್ಮೂರೋರು ಅನ್ಕಂಡೆ’ ಅಂತ ತಲೆ ತಗ್ಗಿಸಿಕೊಂಡು ಹೋದ. ಗುರುತು ಹಿಡಿದೇ ಹೋದ. ನನ್ನ ಮಾನ ಉಳಿಸಲು ಅವನು ಸುಳ್ಳು ಹೇಳಬೇಕಾಯಿತಲ್ಲ ಅಂತ ನಾಚಿಕೆಯಿಂದ ಸತ್ತೇಹೋದೆ.

ನಾಡಿದ್ದು ನಿಮ್ಮತ್ತೆ ಮಹಾಲಕ್ಷ್ಮಮ್ಮ ನಿನ್ನ ಹತ್ತಿರ ಹೊರಡುತ್ತಾರೆ. ನಾಳೆ ಧನಗೆರೆಯಿಂದ ಬಂದು ಬ್ಯಾಗು ತೆಗೆದುಕೊಂಡು ಹೋಗುತ್ತಾರೆ. ಚೊಚ್ಚಲ ಬಾಣಂತನವನ್ನು ಅತ್ತೆ ಕೈಲಿ ಮಾಡಿಸಿದ ತವರು ನಮ್ಮದು ಅಂತ ಇನ್ನು ಜನ ಆಡಿಕೊಳ್ಳುತ್ತಾರೆ, ಆಡಿಕೊಳ್ಳಲಿ. ಅವರು ಮಾತ್ರ ಒಂದು ಕೊಂಕು ಮಾತೂ ಆಡಲಿಲ್ಲ. ‘ಬುಡಿ ಶಿವರತ್ನಮ್ನೋರೆ, ಕೂಸು ಇಬ್ರುದೂ ಅಲ್ವಾ’ ಅಂದರು. ಆಡಿದ್ದರೆ ಜಗಳವಾಡಿಯಾದರೂ ಹಗುರಾಗುತ್ತಿದ್ದೆ. ಇಪ್ಪತ್ತೆಂಟು ದಿನ ಅಂದ ಮೇಲೆ ನಿಜವಾಗಿಯೂ ಇಪ್ಪತ್ತೆಂಟಕ್ಕೇ ಬಂದುಬಿಡಿ ಅಂತ ಅವರಿಗೆ ಹೇಳಿದ್ದೇನೆ. ಬಸ್ಸು ಗಿಸ್ಸು ಏನೂ ಬೇಡ. ಅಳಿಯಂದಿರ ಕೆಲಸಕ್ಕೆ ಕುತ್ತು ಬರಬಾರದು.

ತಲೆಗೆ ಬಟ್ಟೆ ಕಟ್ಟಿಕೋ, ತಣ್ಣೀರು ಮುಟ್ಟಬೇಡ. ಮಲೆಯ ಮಾದಪ್ಪ ನಿನ್ನನ್ನೂ ಕೂಸನ್ನೂ ತಣ್ಣಗಿಟ್ಟಿರಲಿ. ಕೂಸಿನ ನೆತ್ತಿಗೆ ನನ್ನ ಹೆಸರು ಹೇಳಿ ಒಂದು ತೊಟ್ಟು ಎಣ್ಣೆ ಇಡು.

ಇಂತಿ ನಿನ್ನ ಅವ್ವ,
ಶಿವರತ್ನಮ್ಮ

ಮರೆತ ಮಾತು: ಈ ಕಾಗದವನ್ನು ನಿಮ್ಮತ್ತೆ ಕೈಗೆ ಕೊಡದೆ ಹಳೇ ಸೀರೆಯ ಮಡಿಕೆಯಲ್ಲಿಟ್ಟಿದ್ದೇನೆ, ಒಬ್ಬಳೇ ಓದಿಕೋ. ಮರೆತದ್ದು ಅಂತ ಬರೆದೆ, ಮರೆತಿಲ್ಲ. ಅವತ್ತು ಆ ಹೆಣ್ಣುಮಗಳು ಕೋಣೆಯಿಂದ ನಿನಗೆ ಫೋನ್ ಮಾಡಿದಾಗ ಸ್ಪೀಕರ್ ಹಾಕಿದ್ದಳು. ನಾನು ಎದುರಿಗೇ ಕೂತಿದ್ದೆ. ‘ಮೂರು ತಿಂಗಳಿಗೆ ಅಂತ ನಾವು ಕರೆಸಿಲ್ಲ. ಅಮ್ಮನಿಗೆ ಬುದ್ಧಿ ಸರಿಯಿಲ್ಲ, ಏನೇನೋ ಮಾತಾಡ್ತಾರೆ’ ಅಂತ ನೀನು ತಮಿಳಿನಲ್ಲಿ ಅಂದೆ. ಆ ತಮಿಳು ನಿನಗೆ ನಾನೇ ಕಲಿಸಿದ್ದು. ಗಂಡನ ಕೆಲಸ ಹೋದೀತು ಅಂತ ಹೆದರಿ ಹಾಗಂದೆ, ನನಗೆ ಗೊತ್ತು, ಕೋಪವಿಲ್ಲ. ಅವಳು ಫೋನ್ ಇಟ್ಟು, ಮಗಳು ಹೇಳುವುದು ನಿಜವೇನಮ್ಮ ಅಂತ ನನ್ನನ್ನು ಕೇಳಿದಳು. ಇಲ್ಲ ಅಂದರೆ ತಪ್ಪು ನಿಮ್ಮ ತಲೆಗೆ ಬರುತ್ತಿತ್ತು. ಹೌದು, ನನಗೆ ಬುದ್ಧಿ ನೆಟ್ಟಗಿಲ್ಲ, ಅಂದೆ.

ಹೋಗಿಬಂದ ಪುಡಿಯನ್ನೇ ಮತ್ತೆ ಕಳಿಸಲು ಮನಸ್ಸಾಗದೆ ಹೊಸದಾಗಿ ಖಾರ ಕುಟ್ಟಲು ಕೂತೆ. ಮೆಣಸು ಹಾಕಿದೆನೋ ಇಲ್ಲವೋ, ಶುಂಠಿ ಎಷ್ಟು, ಒಂದೂ ಗೊತ್ತಾಗದೆ ಕೈ ನಿಂತುಹೋಯಿತು. ಕೊನೆಗೆ ಪವಿತ್ರಳೇ ಕುಟ್ಟಿದಳು. ಆ ಪುಡಿ ಮುಗಿದಾಗ ಒಂದು ಸಲ ಫೋನ್ ಮಾಡಿ, ಹೇಗೆ ಮಾಡೋದವ್ವ ಅಂತ ನನ್ನನ್ನು ಕೇಳು. ಅವತ್ತು ನಾನು ಸ್ನಾನಕ್ಕೆ ಹೋಗಿರುವುದಿಲ್ಲ.