ರುಜು ಹಾಕದವನನ್ನೂ ಸಾಲಗಾರನೆಂದು ಬರೆದುಕೊಳ್ಳಿ

ಸಾಲ ವಸೂಲಿ ನ್ಯಾಯಾಲಯದ ಪೀಠದಲ್ಲಿ ಕೂತವರಿಗೆ,

ಮಾನ್ಯರೇ, ಬರುವ ಹದಿನಾಲ್ಕನೇ ತಾರೀಖು ತಮ್ಮ ಅಪ್ಪಣೆಯಂತೆ ಚಾಕ್ತಾಯಿ ಬಡಾವಣೆಯ ಶಾಮೀಮ್ ಆರಾಳ ಮನೆ ಹರಾಜಾಗುತ್ತದೆ. ಆ ಮನೆಯನ್ನು ಬ್ಯಾಂಕಿನ ಬಾಯಿಗೆ ಹಾಕಿಸಿದವನು ನಾನು. ತಮ್ಮ ಕಡತದಲ್ಲಿ ಮಾತ್ರ ನನ್ನ ಹೆಸರೇ ಇಲ್ಲ. ನನ್ನ ದೂರು ಇಷ್ಟೇ.

ನಾನು ಚಿತ್ತಗಾಂಗಿನ ಖಾತೂನ್‌ಗಂಜಿನಲ್ಲಿ ನಲವತ್ತೆರಡು ವರ್ಷದಿಂದ ಬೇಳೆಕಾಳಿನ ದಲ್ಲಾಳಿ. ಓದಿದ್ದು ಐದನೇ ತರಗತಿ, ಉಳಿದದ್ದು ಚೀಲದ ಮೇಲಿನ ಅಕ್ಷರ ನೋಡಿ ಕಲಿತದ್ದು, ತಪ್ಪಿದ್ದರೆ ತಿದ್ದಿಕೊಳ್ಳಿ. ನಮ್ಮ ಬಜಾರಿನಲ್ಲಿ ಹಡಗು ದಡ ಸೇರುವ ಮೊದಲೇ ಸರಕು ನಾಲ್ಕು ಕೈ ಬದಲಾಗುತ್ತದೆ, ಎಲ್ಲ ಬಾಯಿಮಾತಿನಲ್ಲೇ. ದಲ್ಲಾಳಿಯ ಹತ್ತಿರ ರುಜು ಕೇಳುವುದೂ ಒಂದೇ, ಅವನ ಗಡ್ಡ ಹಿಡಿದು ಎಳೆಯುವುದೂ ಒಂದೇ.

ಕಡಲೆ ತರಿಸುವ ಜಹೂರುಲ್ ಸವದಾಗರನಿಗೆ ಒಂಬತ್ತು ಕೋಟಿ ಟಾಕಾ ಸಾಲ ಬೇಕಿತ್ತು. ಬ್ಯಾಂಕು ಇನ್ನೊಂದು ಅಡಮಾನ ಕೇಳಿತು. ತೀರಿಹೋದ ನನ್ನ ಗೆಳೆಯನ ಸೊಸೆ ಶಾಮೀಮ್ ಆರಾ, ಅವಳು ವಿಧವೆ. ಮನೆಯ ಕೆಳಅಂತಸ್ತಿನಲ್ಲಿ ಆರು ಹೊಲಿಗೆ ಯಂತ್ರ ಇಟ್ಟುಕೊಂಡು ಬದುಕುವವಳು. ಜಹೂರುಲ್‌ನಿಂದ ತಿಂಗಳಿಗೆ ಹದಿನೈದು ಸಾವಿರ ಕೊಡಿಸುತ್ತೇನೆ, ಮನೆಪತ್ರ ಕೊಡು ಅಂದೆ.

"ಚಾಚಾ, ನೀವೂ ಜಾಮೀನು ಹಾಕ್ತೀರಲ್ಲ?" ಅಂದಳು.

ನನಗೆ ಸಿಟ್ಟು ಬಂತು. "ನನ್ನ ಮಾತಿಗೇ ಕಾಗದ ಕೇಳ್ತೀಯೇನಮ್ಮ? ನಿನ್ನ ಮಾವ ಇದ್ದಿದ್ರೆ ಕೇಳ್ತಿದ್ನಾ?"

ಅವಳು ತಲೆ ತಗ್ಗಿಸಿ ರುಜು ಹಾಕಿದಳು. ಬ್ಯಾಂಕಿನವರು ನನ್ನ ಮುಂದೂ ಕಾಗದ ಸರಿಸಿದ್ದರು. ನಾನು ಚಹಾದ ಲೋಟ ಎತ್ತಿಕೊಂಡು ಮುಖ ತಿರುಗಿಸಿದೆ. ಮರ್ಯಾದೆ ಉಳಿಸಿಕೊಂಡೆ ಅಂದುಕೊಂಡೆ. ಉಳಿದದ್ದು ನನ್ನ ಮನೆ.

ಜಹೂರುಲ್ ಕಟ್ಟಲಿಲ್ಲ, ಬ್ಯಾಂಕು ತಮ್ಮಲ್ಲಿಗೆ ಬಂತು. ನೂರಕ್ಕೆ ಎರಡರಂತೆ ಮೊದಲು ಕಟ್ಟು, ಉಳಿದದ್ದಕ್ಕೆ ಹತ್ತು ವರ್ಷದ ಕಂತು ಅಂತ ತಾವು ದಯೆ ತೋರಿಸಿದಿರಿ. ದಯೆ ದೊಡ್ಡದು, ಬೇಡ ಅನ್ನೋದಿಲ್ಲ. ಮೂರು ಕಂತು ತಪ್ಪಿದವು. ಒಂದು ಸಲ ಎದೆನೋವು, ಒಂದು ಸಲ ಮಕ್ಕಾ ಯಾತ್ರೆ, ಒಂದು ಸಲ ವಕೀಲರಿಗೇ ಜ್ವರ. ಮೂರು ಸಲವೂ ವಾಯಿದೆ ಸಿಕ್ಕಿತು. ಅವನು ಅಡವಿಟ್ಟ ಜಮೀನಿನ ಮೇಲೆ ದಿನಕ್ಕೆರಡು ಸಲ ಕರ್ಣಫುಲಿ ನದಿಯ ಭರತದ ನೀರು ಹತ್ತುತ್ತದೆ, ಕೊಳ್ಳುವವರಿಲ್ಲ. ಹಾಗಾಗಿ ಸುಲಭಕ್ಕೆ ಮಾರಾಟವಾಗುವ ಶಾಮೀಮ್ ಆರಾಳ ಮನೆಯನ್ನು ಬ್ಯಾಂಕು ಕೇಳಿತು, ತಾವು ಕೊಟ್ಟಿರಿ. ಒಂಬತ್ತು ಕೋಟಿ ನುಂಗಿದವನಿಗೆ ಹತ್ತು ವರ್ಷ, ಆ ಸಾಲದ ಒಂದು ಟಾಕಾ ಮುಟ್ಟದವಳಿಗೆ ಮೂವತ್ತು ದಿನ. ಇದು ಯಾವ ತಕ್ಕಡಿ, ಮಾನ್ಯರೇ? ನಮ್ಮ ಬಜಾರಿನಲ್ಲಿ ಇಂಥ ತಕ್ಕಡಿ ಇಟ್ಟವನ ಅಂಗಡಿಗೆ ಮರುದಿನ ನೊಣವೂ ಬರುವುದಿಲ್ಲ.

ಆದರೆ ತಮ್ಮ ಮೇಲೆ ಕೂಗಿ ನಾನು ತಪ್ಪಿಸಿಕೊಳ್ಳಲಾರೆ. ಇನ್ನೊಂದು ಮಾತು ಹೇಳದೆ ಬಿಟ್ಟಿದ್ದೆ. ಆ ದಿನ ಜಹೂರುಲ್ ನನ್ನ ಕೈಗೆ ದಲಾಲಿಯೆಂದು ನಲವತ್ತು ಸಾವಿರ ಇಟ್ಟ. ತೆಗೆದುಕೊಂಡೆ. ಶಾಮೀಮ್ ಆರಾಳಿಗೆ ಅದು ಇವತ್ತಿಗೂ ಗೊತ್ತಿಲ್ಲ. ತಮ್ಮ ಪೀಠದ ಮುಂದೆ ಈ ಪತ್ರ ಓದಿದಾಗಲೇ ತಿಳಿಯಬೇಕು.

ಹೋದ ವಾರ ನನ್ನ ಹೆಸರನ್ನೂ ಮೊಕದ್ದಮೆಗೆ ಸೇರಿಸಿ ಎಂದು ಅರ್ಜಿ ತಂದೆ. ತಮ್ಮ ಗುಮಾಸ್ತ ಅದನ್ನು ಹಿಂದಕ್ಕೆ ಸರಿಸಿ ನಕ್ಕ. "ಇಲ್ಲಿಗೆ ಬರೋರೆಲ್ಲ ಹೆಸರು ತೆಗೀರಿ ಅಂತಾರೆ ಚಾಚಾ. ನೀವೊಬ್ರು ಸೇರಿಸಿ ಅಂತೀರ. ಮನೇಲಿ ಹೇಳಿ ಬಂದಿದ್ದೀರಾ?"

ಹೇಳಿಯೇ ಬಂದಿದ್ದೆ. ಹೆಂಡತಿ ಅವತ್ತಿನಿಂದ ಮಾತಾಡುತ್ತಿಲ್ಲ.

ಆ ದಿನ ನ್ಯಾಯಾಲಯದಿಂದ ನೇರ ಶಾಮೀಮ್ ಆರಾಳ ಮನೆಗೆ ಹೋದೆ. ಯಂತ್ರಗಳನ್ನು ಗೋಣಿಯಲ್ಲಿ ಸುತ್ತುತ್ತಿದ್ದಳು. ಬೈಯಲಿ ಅಂತ ಕಾದೆ. "ರುಜು ಹಾಕಿದ್ದು ನಾನಲ್ವಾ ಚಾಚಾ, ನೀವ್ಯಾಕೆ ಕೊರಗ್ತೀರಿ? ಆ ತುದಿ ಹಿಡ್ಕೊಳಿ" ಅಂದಳು. ಹಿಡಿದುಕೊಂಡೆ.

ಆದ್ದರಿಂದ ನನ್ನ ಬೇಡಿಕೆ: ಖಾತೂನ್‌ಗಂಜಿನಲ್ಲಿ ನಾನು ವ್ಯಾಪಾರಕ್ಕೆ ಕೂರುವ ಗದ್ದಿ, ಅದರ ಮೇಲಿನ ಎರಡು ಕೋಣೆ, ಎರಡರ ಪತ್ರವನ್ನೂ ಇದರ ಜೊತೆ ಲಗತ್ತಿಸಿದ್ದೇನೆ. ಮೊದಲು ಅವನ್ನು ಹರಾಜು ಹಾಕಿ. ಕಾನೂನಿನಲ್ಲಿ ದಾರಿಯಿಲ್ಲ ಅನ್ನುತ್ತೀರೇನೋ. ಜಹೂರುಲ್‌ಗೆ ಮೂರು ಸಲ ದಾರಿ ಹುಡುಕಿದಿರಲ್ಲ, ಇದಕ್ಕೂ ಒಂದು ಸಲ ಹುಡುಕಿ. ಹದಿನೈದನೇ ತಾರೀಖು ಹುಡುಕಿದರೆ ಅವಳಿಗೆ ಅದರಿಂದ ಏನೂ ಆಗುವುದಿಲ್ಲ.

ಇಂತಿ,
ತಮ್ಮ ನ್ಯಾಯಾಲಯ ಇನ್ನೂ ನಿರಪರಾಧಿಯೆಂದೇ ನಂಬಿರುವ
ಸಬೂರ್ ಅಹಮದ್, ದಲ್ಲಾಳಿ