ದೋಣಿಯಿಲ್ಲದ ಬಂದರು

ಮಾರ್ಸೇಲ್ಸ್, 1941, ಗುರುವಾರ

ತಂಗಿ ವಿಲ್ಮಾ,

ಬುಡಾಪೆಸ್ಟಿನಲ್ಲಿ ನೀನೂ ಅಮ್ಮನೂ ಹೇಗಿದ್ದೀರಿ? ಕಲಾವಿದರನ್ನು ಅಮೆರಿಕಕ್ಕೆ ದಾಟಿಸುವ ಇಲ್ಲಿಯ ಸಮಿತಿಯವರು ನಿನ್ನ ಭಾವನ ಹೆಸರೇ ಕೇಳಿಲ್ಲವಂತೆ. ತೋರಿಸೋಣವೆಂದರೆ ಅವರ ಚಿತ್ರಗಳನ್ನೆಲ್ಲ ನಾಜಿಗಳು ಬರ್ಲಿನ್ನಿನಲ್ಲೇ ಸುಟ್ಟರಲ್ಲ. "ಬಂದರಿನಲ್ಲಿರೋ ಒಂದು ದೋಣಿ ಬರೆದು ತನ್ನಿ, ನಂಬ್ತೀವಿ" ಎಂದಳು ಅಲ್ಲಿಯ ಹೆಂಗಸು. ಮೂವತ್ತು ವರ್ಷ ಕುಂಚ ಹಿಡಿದವರಿಗೆ ಇದೊಂದು ಪರೀಕ್ಷೆ! ಮಹಾರಾಯರು ಬರೀ ನೀರು ಬರೆದು ಕೊಟ್ಟರು.

"ದೋಣಿ ಎಲ್ಲಿ?" ಅಂದಳು.

"ನಮ್ಮನ್ನ ಬಿಟ್ಟು ಹೋಯ್ತಲ್ಲಮ್ಮ" ಅಂದರು.

ನಾನು ಅತ್ತು ಜಗಳವಾಡಿದ ಮೇಲೆ ಈ ಕಾರ್ಡಿನ ಹಿಂಬದಿಯಲ್ಲಿ ದೋಣಿ ಬರೆದರು. ತಿರುಗಿಸಿ ನೋಡು, ಹಗ್ಗದ ಗಂಟನ್ನೂ ಬಿಟ್ಟಿಲ್ಲ. ಇವತ್ತು ಬೆಳಗ್ಗೆ ಇದನ್ನೇ ಹಿಡಿದುಕೊಂಡು ಓಡಿದೆ. ಸಮಿತಿಯ ಬಾಗಿಲಿಗೆ ಪೊಲೀಸರು ಬೀಗ ಜಡಿದಿದ್ದರು. ಇನ್ನು ಯಾರಿಗೆ ತೋರಿಸಲಿ? ನಿನಗೇ ಕಳಿಸುತ್ತಿದ್ದೇನೆ.

ನೀನು ಕಳಿಸಿದ ಉಣ್ಣೆಯ ಕಾಲುಚೀಲ ತಲುಪಿತು. ಅವರ ಕೆಮ್ಮು ಇಳಿದಿಲ್ಲ. ಜಾಗ ಸಾಲದು, ಒಂದೇ ಮಾತು: ದೋಣಿಯಲ್ಲಿ ಇಬ್ಬರು ಕೂತಿದ್ದಾರಲ್ಲ, ಅದು ನಾವೇ, ಹೊರಟುಬಿಟ್ಟೆವು ಎಂದು ಅಮ್ಮನಿಗೆ ಹೇಳಿಬಿಡು.

ನಿನ್ನ ಅಕ್ಕ
ಎತೆಲ್ಕಾ