ತೊಳೆದ ಮನೆ

ಹೊಸಪೇಟೆ,
ಮಾರ್ಚ್ ೧೨, ೧೯೩೪

ಚಿ. ಸೌ. ಭೀಮಾಬಾಯಿಗೆ ಗೋಪೀನಾಥನ ಅನೇಕ ಆಶೀರ್ವಾದಗಳು.

ನಿನ್ನ ಬೆನ್ನುನೋವು ಇಳಿಯಿತೇ? ಕೂಸು ಹಾಲು ಚೆನ್ನಾಗಿ ಕುಡಿಯುತ್ತಿದೆಯೇ? ಈ ಕಾಗದ ಮುಟ್ಟಲು ಅಂಜಬೇಡ. ಅಂಚೆ ಕಚೇರಿಯಲ್ಲೇ ಕೊಂಡು, ಇಲ್ಲೇ ಕೂತು ಬರೆಯುತ್ತಿದ್ದೇನೆ.

ನಮ್ಮ ಕೃಷ್ಣಿ ಗೆದ್ದಳು. ಸಿಡುಬಿನ ಹಕ್ಕಳೆಗಳೆಲ್ಲ ಉದುರಿ, ಬೇವಿನ ನೀರಿನ ಸ್ನಾನವೂ ಆಯಿತು. ಗಲ್ಲದ ಮೇಲೆ ನಾಲ್ಕಾರು ಕಲೆ ಉಳಿದಿವೆ, ಕಣ್ಣಿಗೆ ಏನೂ ಆಗಿಲ್ಲ. ಕೂಸು ಬರುವ ಮೊದಲು ಇಡೀ ಮನೆ ತೊಳೆಯಲೇಬೇಕೆಂದು ಹೆಲ್ತ್ ಇನ್‌ಸ್ಪೆಕ್ಟರು ಆಜ್ಞೆ ಮಾಡಿದರು. ನೆಂಟರು ಯಾರೂ ಹೊಸ್ತಿಲು ತುಳಿಯಲಿಲ್ಲ. ಬಂದವಳು ನಮ್ಮ ಅಂಗಳ ಸಾರಿಸುವ ಊರಮ್ಮ ಒಬ್ಬಳೇ. "ಸಣ್ಣಾಕಿದ್ದಾಗ ನನಗ ಅಮ್ಮ ಬಂದು ಹೋಗ್ಯಾಳ್ರಿ, ನನಗೇನೂ ಆಗಂಗಿಲ್ಲ" ಎಂದು ಸೆರಗು ಕಟ್ಟಿ ನಿಂತಳು. ಬಾಗಿಲು, ಕಿಟಕಿ, ನೆಲಕ್ಕೆಲ್ಲ ಫಿನೈಲು ಹಾಕಿ ತಿಕ್ಕಿದೆವು, ಗೋಡೆಗೆ ಸುಣ್ಣ ಬಳಿದೆವು. "ಕಸಬರಿಗಿನ ಲೇಖಣಿಕಿ ಹಿಡಿದಂಗ ಹಿಡಿದೀರಲ್ರೀ!" ಎಂದು ನನ್ನನ್ನು ನೋಡಿ ನಕ್ಕಳು. ಎಷ್ಟೋ ದಿನದ ಮೇಲೆ ನಾನೂ ನಕ್ಕೆ.

ಕೃಷ್ಣಿಯ ಹಿತ್ತಾಳೆಯ ಆಟದ ಪಾತ್ರೆಗಳನ್ನು, ಕವಡೆಗಳನ್ನು ಹಂಡೆಯಲ್ಲಿ ಕುದಿಸಿದೆ. ಮರದ ಕುದುರೆಯ ಬಣ್ಣವೆಲ್ಲ ಬಿಟ್ಟು ನೀರು ಕೆಂಪಾಯಿತು. ನೀನು ಹೊಲಿದುಕೊಟ್ಟ ಬಟ್ಟೆಗೊಂಬೆಯನ್ನು ಮಾತ್ರ ಸುಡಲೇಬೇಕಾಯಿತು. ಜ್ವರದಲ್ಲಿ ಹಗಲೂ ರಾತ್ರಿ ಅದನ್ನೇ ಅಪ್ಪಿಕೊಂಡಿದ್ದಳಲ್ಲ. ನನ್ನ ಕೈ ಮುಂದೆ ಹೋಗಲಿಲ್ಲ. ಊರಮ್ಮನೇ ಹಂಡೆಯ ಒಲೆಗೆ ಹಾಕಿದಳು. ಮಗು ಬಿಕ್ಕಿ ಬಿಕ್ಕಿ ಅತ್ತಾಗ ಮಡಿಲಿಗೆ ಎಳೆದುಕೊಂಡು, "ಅಳಬ್ಯಾಡ ನನ್ನವ್ವ, ನಿನ್ನ ಬ್ಯಾನಿ ಎಲ್ಲಾ ಅದು ಹೊತ್ಕೊಂಡು ಹೋತು" ಎಂದಳು. ಮಗು ಅಲ್ಲೇ ನಿದ್ದೆಹೋಯಿತು.

ಇನ್‌ಸ್ಪೆಕ್ಟರು ನಿನ್ನೆ ಬಂದು ಮನೆಯೆಲ್ಲ ನೋಡಿ, ಇನ್ನು ಕರೆಸಿಕೊಳ್ಳಬಹುದು ಎಂದರು. ಕೂಸಿಗೆ ಸಿಡುಬಿನ ದಾಕು ಹಾಕಿಸಿಯೇ ಕಂಪ್ಲಿಯಿಂದ ಹೊರಡು. ಗಾಡಿ ಕಳಿಸುತ್ತೇನೆ. ನಿಮ್ಮ ತಾಯಿಯವರಿಗೆ ನನ್ನ ನಮಸ್ಕಾರ ತಿಳಿಸು. ಮಕ್ಕಳನ್ನು ಆ ವಿಠಲ ಕಾಯಲಿ.

ಇಂತು ನಿನ್ನ
ಗೋಪೀನಾಥ

ಮತ್ತೊಂದು ಮಾತು, ಟಪಾಲು ಕಟ್ಟುವ ಹೊತ್ತಾಯಿತು. ಜ್ವರ ಏರಿದ ದಿನ ನಾನು ಡಾಕ್ಟರರನ್ನು ಕರೆಯಲು ಓಡಿದ್ದೆ. ಆಗ ಊರಮ್ಮ ನಮ್ಮ ಅಡುಗೆಮನೆಗೆ ಹೋಗಿ, ಒಲೆ ಹೊತ್ತಿಸಿ, ಕೃಷ್ಣಿಗೆ ಗಂಜಿ ಕಾಯಿಸಿ ಕುಡಿಸಿದ್ದಾಳೆ. ನಾನು ಮರಳಿದ ಕೂಡಲೇ ತಾನಾಗಿಯೇ ಹೇಳಿ, ತಪ್ಪು ಮಾಡಿದವಳಂತೆ ಕೈಮುಗಿದು ನಿಂತಳು. ಉಳಿದ ಗಂಜಿಯನ್ನು ಅವಳೆದುರಿಗೇ ನಾನು ಕುಡಿದೆ. ನಿಮ್ಮ ತಾಯಿಯವರು ಶುದ್ಧಿ, ಪುಣ್ಯಾಹ ಎಂದಾರು. ನೀನು ಬಂದ ಮೇಲೆ ಕೂಸಿಗೋಸ್ಕರ ಮನೆಯನ್ನು ಇನ್ನೂ ನಾಲ್ಕು ಸಲ ತೊಳೆ, ನಾನೇ ನೀರು ಸೇದಿಕೊಡುತ್ತೇನೆ. ಊರಮ್ಮ ಒಳಗೆ ಬಂದಳೆಂದು ಮಾತ್ರ ಒಂದು ತಂಬಿಗೆ ನೀರೂ ಚೆಲ್ಲಬೇಡ.